ಜುಟ್ಟಿನವನ ಐದು ಸಿನಿಮಾ

ಆಗಸ್ಟ್ ೪, ಭಾನುವಾರ

ಒಲೆಯ ಮುಂದೆ ಕೂರಬೇಕಾದ ಅಣ್ಣ ಮಂಚದ ಮೇಲೆ ಕೂತಿದ್ದಾನೆ. ಒಲೆಯ ಮುಂದೆ ನಾನು. ಈ ವರ್ಷ ಹೊಗೆಸೊಪ್ಪು ಬೇಯಿಸುವುದು ನನ್ನ ಪಾಲಿಗೆ ಬಂದಿದೆ. ಸೊಪ್ಪು ಒಣಗಿಸುವ ಮನೆ, ಬ್ಯಾರನ್ನಿನ ಗಾಜಿನ ಕಿಂಡಿಯಲ್ಲಿ ಇಣುಕಿ ಕಾವು ನೋಡುವುದು, ಸೌದೆ ತಳ್ಳುವುದು, ಮತ್ತೆ ಇಣುಕುವುದು. ಹಾರನಹಳ್ಳಿ ಕಡೆ ಯಾವ ಹೆಂಗಸೂ ಈ ಕೆಲಸ ಮಾಡುವುದಿಲ್ಲವಂತೆ. ದಾರಿಯಲ್ಲಿ ಹೋಗುವ ಗಂಡಸರು ಸೈಕಲ್ ನಿಲ್ಲಿಸಿ ನೋಡುತ್ತಾರೆ. ನೋಡಲಿ. ಅವರು ಬೇಯಿಸಿದ ಸೊಪ್ಪಿನ ಚಂದವನ್ನು ನಾನೂ ನೋಡಿದ್ದೇನೆ.

ಅಣ್ಣನ ಬಲಗೈ ಪಟ್ಟಿಯಲ್ಲಿ ಕೊರಳಿಗೆ ಜೋತುಬಿದ್ದಿದೆ. ಮೇ ತಿಂಗಳಲ್ಲಿ ಕೆ.ಆರ್. ನಗರದ ಕುಸ್ತಿಯಲ್ಲಿ ಹಂಪಾಪುರದ ಶರತ್ ಅವನನ್ನು ಕೆಡವಿದ. ಬೆನ್ನು ಮಣ್ಣು ಮುಟ್ಟಿದ ತಕ್ಷಣ ಉಸ್ತಾದ್ ಸಿದ್ದಯ್ಯನವರು ಚಪ್ಪಾಳೆ ತಟ್ಟಿದರು. ಚಪ್ಪಾಳೆ ಬಿದ್ದರೆ ಹಿಡಿತ ಬಿಡಬೇಕು. ಅವನು ಬಿಡಲಿಲ್ಲ, ತಿರುಗಿಸಿದ. ಮೊಣಕೈ ಹತ್ತಿರ ಮೂಳೆ ಎರಡಾಯಿತು. ಮೈಸೂರಿನಲ್ಲಿ ಪ್ಲೇಟು ಹಾಕಿದರು. ಆಮೇಲೆ ಅವನು ಒಂದು ದಿನ ಬಂದು ನೋಡಲಿಲ್ಲ. ಅಂಥ ಜಾತಿಯ ಮನುಷ್ಯ.

ಅಣ್ಣ ಹೊತ್ತು ಕಳೆಯಲು ಫೋನಿನಲ್ಲಿ ಒಂದು ಚೀನೀ ಸಿನಿಮಾ ಹಾಕಿದ. ಐದು ಭಾಗ ಇದೆಯಂತೆ. ತೆಲುಗಿಗೆ ತಿರುಗಿಸಿದ್ದಾರೆ. ಅಣ್ಣನಿಗೆ ತೆಲುಗು ಅರ್ಧ ಬರುತ್ತದೆ, ಉಳಿದರ್ಧ ತಾನೇ ಕಟ್ಟಿ ಹೇಳುತ್ತಾನೆ. ಬಂದರಿನಲ್ಲಿ ಉಪ್ಪಿನ ಮೂಟೆ ಹೊರುವವನೊಬ್ಬ, ತಲೆಯ ಹಿಂದೆ ಕುದುರೆ ಬಾಲದಂಥ ಜುಟ್ಟು. ಗುರುವಿನ ಬಾಗಿಲಿನ ಹೆಸರಿನ ಹಲಗೆಯನ್ನು ಯಾರೋ ಒಡೆದರು ಅಂತ ಅವನು ಬೀದಿ ತುಂಬ ಜನರ ಕೈಕಾಲು ಮುರಿಯುತ್ತಾನೆ.

ಸೊಪ್ಪನ್ನು ಕಡ್ಡಿಗೆ ಕಟ್ಟಲು ಬಂದಿದ್ದ ಕುಳ್ಳಮ್ಮ ಕತ್ತು ಉದ್ದ ಮಾಡಿ ನೋಡಿ, "ಇವ್ನ ಕೊಪ್ಪದ ಸಂತೇಲಿ ನೋಡಿವ್ನಿ ಕಣವ್ವ. ಸ್ವೆಟರ್ ಮಾರ್ತಿದ್ದ" ಅಂದಳು.

ಎಲ್ಲ ಹೆಂಗಸರೂ ನಕ್ಕರು. ಅವರಿಗೆ ನಗಲು ಹಲ್ಲು ಇದ್ದರೆ ಸಾಕು.

ನನಗೆ ಜುಟ್ಟಿನವನು ಹಿಡಿಸಿದ. ಕೊನೆಯಲ್ಲಿ ಒಬ್ಬ ಕಾಲು ಹಿಡಿದು ಬೇಡಿಕೊಂಡರೂ ಬಿಡುವುದಿಲ್ಲ. ಗಂಡಸು ಅಂದರೆ ಹಾಗಿರಬೇಕು. ಇಲ್ಲಿ ನಮ್ಮ ಮಂಚದ ಮೇಲೊಬ್ಬ ಕೂತಿದ್ದಾನೆ, ಅವ್ವ ಕಲಸಿಕೊಟ್ಟ ಅನ್ನವನ್ನು ಎಡಗೈಯಲ್ಲಿ ಚಮಚ ಹಿಡಿದು ತಿನ್ನುತ್ತ.

ಆಗಸ್ಟ್ ೧೦, ಶನಿವಾರ

ಎರಡನೇ ಭಾಗ. ಕೆಟ್ಟುಹೋಗಿದ್ದಾನೆ ಜುಟ್ಟಿನವನು.

ಮೊದಲ ಭಾಗದಲ್ಲಿ ಅವನಿಂದ ಕಾಲು ಮುರಿಸಿಕೊಂಡ ಒಬ್ಬ ಇದರಲ್ಲಿ ಕುಂಟುತ್ತ ರೊಟ್ಟಿ ಮಾರುತ್ತಿರುತ್ತಾನೆ. ಜುಟ್ಟಿನವನು ಅವನನ್ನು ಕಂಡು ಗೋಡೆಯ ಹಿಂದೆ ಅವಿತುಕೊಳ್ಳುತ್ತಾನೆ. ಆಮೇಲೆ ದಿನಾ ಯಾರಿಗೂ ಗೊತ್ತಾಗದಂತೆ ಅವನ ಗಾಡಿಯನ್ನು ಏರಿನಲ್ಲಿ ಹಿಂದಿನಿಂದ ತಳ್ಳುತ್ತಾನೆ. ಇದನ್ನು ನೋಡಲು ನೆಟ್ಟಿನ ದುಡ್ಡು ದಂಡ.

"ಮುರಿಯೋವಾಗ ಇಲ್ದಿದ್ದು ಈಗೆಲ್ಲಿಂದ ಬಂತು?" ಅಂದೆ.

ಅಣ್ಣ ಆ ಜಾಗವನ್ನೇ ಹಿಂದಕ್ಕೆ ಎಳೆದು ಇನ್ನೊಂದು ಸಲ ನೋಡಿದ. "ಅವ್ನಿಗೂ ಮನೆ ಮಠ ಇರ್ತದೆ ಕಣೆ" ಅಂದ.

"ಯಾರ್ಗೆ? ಕುಂಟನಿಗಾ, ಜುಟ್ಟಿನವನಿಗಾ?"

"ಇಬ್ರಿಗೂವೆ."

ಕೈ ಮುರಿದರೆ ಬುದ್ಧಿಯೂ ಜೊತೆಗೆ ಮುರಿಯುತ್ತದೆ ಅಂತ ಕಾಣುತ್ತದೆ.

ಆಗಸ್ಟ್ ೧೭, ಶನಿವಾರ

ಒಂದು ಬ್ಯಾರನ್ ಸೊಪ್ಪು ಸೀದುಹೋಯಿತು. ಹಳದಿ ಪೂರ್ತಿ ಏರುವ ಮೊದಲೇ ಕಾವು ಜಾಸ್ತಿಯಾಯಿತಂತೆ. ಬಾಗಿಲು ತೆಗೆದರೆ ಎಲೆಯೆಲ್ಲ ಸುಟ್ಟ ಚರ್ಮದ ಬಣ್ಣ. ಸೌದೆ ಹಸಿ ಇತ್ತು, ಗಾಳಿ ಕಿಂಡಿ ಸರಿಯಿಲ್ಲ, ಕುಳ್ಳಮ್ಮ ಕಡ್ಡಿಗೆ ಒತ್ತೊತ್ತಾಗಿ ಕಟ್ಟಿದ್ದಳು. ನಾನು ಆಗ ಶರತನ ವಿಷಯ ಯೋಚನೆ ಮಾಡುತ್ತಿದ್ದೆ ಅನ್ನುವುದಕ್ಕೂ ಇದಕ್ಕೂ ಸಂಬಂಧವಿಲ್ಲ.

ಅಣ್ಣ ಒಂದು ಎಲೆ ತೆಗೆದು ಮೂಸಿ ನೋಡಿದ. "ಮೆಲ್ಲುಕೆ ಏರ್ಸು ಅಂತ ಬಡ್ಕೊಂಡೆ. ನಿನ್ ಕೈಲಿ ಆಗದ ಕೆಲ್ಸ ಇದು."

ನನಗೆ ಉರಿದುಹೋಯಿತು. ಹೊರಗಿನವರ ಮುಂದೆ ನನಗೆ ಬಾಯಿ ಬರುವುದಿಲ್ಲ, ಮನೆಯವರ ಮುಂದೆ ಹಾಗಲ್ಲ.

"ನಿನ್ ಕೈಲಿ ಏನಾಗ್ತದೆ? ಜೋತಾಡ್ತದೆ. ಕೆಡವ್ದೋನು ಹಂಪಾಪುರದಲ್ಲಿ ಮೀಸೆ ತಿರುವ್ಕೊಂಡು ತಿರುಗ್ತಾವ್ನೆ. ನೀನು ಸಿನಿಮಾ ನೋಡ್ಕೊಂಡು ಅಳು."

"ನಾನೆಲ್ಲೇ ಅತ್ತೆ?"

"ಅಂಗಾದ್ರೆ ಜೋಡಿ ಕೇಳು. ಇನ್ನೊಂದ್ ಸಲ ಕುಸ್ತಿಗೆ ಕರಿ ಅವ್ನ."

ಅವ್ವ ಅಡುಗೆಮನೆಯಿಂದ, "ಬುಡ್ರೋ ಸಾಕು" ಅಂದಳು. ಅವ್ವನಿಗೆ ಬೇರೆ ಮಾತು ಬರುವುದಿಲ್ಲ.

ಅಣ್ಣ ಗೋಡೆ ಕಡೆ ತಿರುಗಿ ಮಲಗಿದ.

ಆಗಸ್ಟ್ ೨೫, ಭಾನುವಾರ

ಮೂರನೇ ಭಾಗ ನೋಡಿ ನನಗೆ ವಾಕರಿಕೆ ಬಂತು. ಜುಟ್ಟಿನವನು ಯಾರಿಗೋ ಮಾತು ಕೊಟ್ಟಿದ್ದಾನಂತೆ, ಇನ್ನು ಮೇಲೆ ತಾನಾಗಿ ಮೊದಲು ಕೈ ಎತ್ತುವುದಿಲ್ಲ ಅಂತ. ಅದಕ್ಕೇ ಅರ್ಧ ಸಿನಿಮಾ ಹೊಡೆಸಿಕೊಳ್ಳುತ್ತಾನೆ. ಒಬ್ಬ ಪುಡಿರೌಡಿ ಅವನ ಜುಟ್ಟನ್ನೇ ಕತ್ತರಿಸುತ್ತಾನೆ. ಆಗಲೂ ಸುಮ್ಮನಿರುತ್ತಾನೆ. ಇನ್ನು ಇವನನ್ನು ಏನಂತ ಕರೆಯುವುದು? ನಾನಂತೂ ಜುಟ್ಟಿನವನು ಅಂತಲೇ ಕರೆಯುತ್ತೇನೆ, ಅವನಿಗೆ ನಾಚಿಕೆಯಾಗಲಿ.

ಅಣ್ಣ ಅಂದ, "ಒಡ್ಯೋದ್ಕಿಂತ ಒಡುಸ್ಕಳದು ಕಷ್ಟ ಕಣೆ. ಮೈ ಕೇಳಲ್ಲ. ಕುಸ್ತಿ ಆಡ್ದೋರಿಗೆ ಗೊತ್ತು."

ಅವನ ಧ್ವನಿ ಕೇಳಿಯೇ ನನಗೆ ಗೊತ್ತಾಯಿತು. ಇವನು ಬಿಟ್ಟುಬಿಟ್ಟ. ಶರತನನ್ನು ಮನಸ್ಸಿನಲ್ಲೇ ಕ್ಷಮಿಸಿ ಅನ್ನ ತಿನ್ನುತ್ತಿದ್ದಾನೆ. ಕೈ ಮುರಿಸಿಕೊಂಡವನೇ ಮರೆತರೆ ಬೇರೆಯವರು ಯಾಕೆ ನೆನಪಿಟ್ಟುಕೊಳ್ಳುತ್ತಾರೆ?

ಒಂದು ನಿಂಬೆಹಣ್ಣು, ಎರಡು ವೀಳ್ಯದೆಲೆ, ಒಂದು ಅಡಿಕೆ. ಕಾಗದದಲ್ಲಿ ಸುತ್ತಿ ಕುಳ್ಳಮ್ಮನ ಗಂಡನ ಕೈಗೆ ಕೊಟ್ಟು, ಹುಣಸೂರಿನ ಗರಡಿಯಲ್ಲಿ ಸಿದ್ದಯ್ಯನವರಿಗೆ ಅಣ್ಣನ ಹೆಸರಿನಲ್ಲಿ ಮುಟ್ಟಿಸು ಅಂದೆ. "ಶಂಕ್ರ ಕೊಟ್ಟ, ಹಂಪಾಪುರದ ಶರತನ ಮೇಲೆ ಅಂತ ಹೇಳು." ನಮ್ಮ ಕಡೆ ಜೋಡಿ ಕೇಳುವುದು ಹಾಗೇ. ಸೋತವನು ನಿಂಬೆಹಣ್ಣು ಕಳಿಸಿದರೆ ಗೆದ್ದವನು ಎಲ್ಲರ ಮುಂದೆ ಬಂದು ಕೈ ಹಿಡಿಯಬೇಕು. ಕಳಿಸಿದವನು ಹಿಂದೆ ಸರಿಯುವಂತಿಲ್ಲ.

ಆಗಸ್ಟ್ ೨೭, ಮಂಗಳವಾರ

ಉಸ್ತಾದರ ಫೋನು ಬಂತು. ಅಣ್ಣ ಮಂಚದಿಂದ ಎದ್ದು ನಿಂತೇ ಮಾತಾಡಿದ. "ಊಂ... ಊಂ ಉಸ್ತಾದ್ರೆ... ನಾನೇ ಕಳ್ಸಿದ್ದು." ಫೋನಿಟ್ಟು ನನ್ನ ಕಡೆ ನೋಡಿದ. ನಾನು ಕಿಂಡಿಯಲ್ಲಿ ಕಾವು ನೋಡುತ್ತಿದ್ದೆ. ಅವನು ಮತ್ತೆ ಮಂಚಕ್ಕೆ ಹೋಗಿ ಕೂತ. ಇನ್ನೇನು ಮಾಡುತ್ತಾನೆ? ಕಳಿಸಿದ್ದು ನಾನಲ್ಲ, ನನ್ನ ತಂಗಿ ಅಂದರೆ ಅವನ ಮಾನವೇ ಹೋಗುತ್ತದೆ.

ಜೋಡಿ ಕಟ್ಟುವುದು, ಅಂದರೆ ಎದುರಾಳಿಗಳ ಕೈ ಸೇರಿಸುವುದು, ಸೆಪ್ಟೆಂಬರ್ ಇಪ್ಪತ್ತೆರಡಕ್ಕೆ. ಕುಸ್ತಿ ದಸರಾ ಕಳೆದ ಮೇಲೆ.

ಸೆಪ್ಟೆಂಬರ್ ೧, ಭಾನುವಾರ

ಈಗ ಮನೆ ಮನೆಯಂತಿದೆ. ಅಣ್ಣ ಕೊರಳಿನ ಪಟ್ಟಿ ಬಿಚ್ಚಿ ಎಸೆದ. ಬೆಳಗ್ಗೆ ಎದ್ದು ತೋಟದ ಸುತ್ತ ಓಡುತ್ತಾನೆ. ಅವ್ವ ಬಾದಾಮಿ ಅರೆಯುತ್ತ ಕಣ್ಣು ಒರೆಸಿಕೊಳ್ಳುತ್ತಾಳೆ. ಬಾದಾಮಿ ಅರೆದರೆ ಯಾರಿಗಾದರೂ ಕಣ್ಣೀರು ಬರುತ್ತದೆಯೇ? ಈರುಳ್ಳಿ ಅಂದುಕೊಂಡಿದ್ದಾಳೆ.

ಸೊಪ್ಪು ಈ ಸಲ ಚೆನ್ನಾಗಿ ಬಂತು, ನಿಂಬೆಹಣ್ಣಿನ ಬಣ್ಣ.

ಸೆಪ್ಟೆಂಬರ್ ೮, ಭಾನುವಾರ

ಹಬ್ಬದ ಮಾರನೇ ದಿನ, ಸೊಪ್ಪು ಕಟ್ಟಲು ಯಾರೂ ಬರಲಿಲ್ಲ. ಅಣ್ಣ ಫೋನು ಬಿಟ್ಟು ತೋಟಕ್ಕೆ ಹೋಗಿದ್ದ. ನಾನೇ ನಾಲ್ಕನೇ ಭಾಗ ಹಾಕಿಕೊಂಡೆ. ಇಷ್ಟವಾಗಿ ಅಲ್ಲ, ಇವನು ಇನ್ನೂ ಎಷ್ಟು ಕೆಳಗೆ ಇಳಿಯುತ್ತಾನೆ ನೋಡೋಣ ಅಂತ.

ಸಾಕಷ್ಟು ಇಳಿದಿದ್ದಾನೆ. ಈಗ ಮಕ್ಕಳಿಗೆ ಪಾಠ. ಹೇಗೆ ಹೊಡೆಯಬೇಕು ಅಂತಲ್ಲ, ಹೇಗೆ ಬೀಳಬೇಕು ಅಂತ. ಒಂದು ಹುಡುಗಿ ಕೇಳುತ್ತಾಳೆ, ಎದುರಿನವನನ್ನು ಯಾವಾಗ ಬಿಡಬೇಕು ಅಂತ. ಅವನು ಏನೋ ತೆಲುಗಿನಲ್ಲಿ ಹೇಳಿದ. ಅರ್ಥವಾಗಲಿಲ್ಲ. ಹಿಂದಕ್ಕೆ ಹಾಕಿ ಮತ್ತೆ ಕೇಳಿದೆ. ಆಗಲೂ ಅರ್ಥವಾಗಲಿಲ್ಲ. ಅಣ್ಣನನ್ನು ಕೇಳಿದರೆ ಹೇಳುತ್ತಿದ್ದನೇನೋ, ಅರ್ಧ ಸುಳ್ಳು ಸೇರಿಸಿ.

ಅವನನ್ನು ಕರೆಯಲು ಹೋದೆ. ತೊಟ್ಟಿಯ ಹತ್ತಿರ ನಿಂತು ಬಲಗೈಯಲ್ಲಿ ನೀರಿನ ಬಕೆಟ್ ಎತ್ತುತ್ತಿದ್ದ. ಮೊಣಕಾಲಿನ ತನಕ ಬಂತು. ಅಲ್ಲಿ ಕೈ ಗಡಗಡ ನಡುಗಿ, ನೀರು ಅವನ ಕಾಲಿನ ಮೇಲೆಲ್ಲ ಚೆಲ್ಲಿತು. ನನ್ನನ್ನು ಕಂಡವನೇ ಎಡಗೈಗೆ ಬದಲಾಯಿಸಿ, "ಏನೇ?" ಅಂದ.

"ಏನಿಲ್ಲ."

ಎಡಗೈಯಲ್ಲಿ ಬಕೆಟ್ಟನ್ನು ತಲೆಯ ಮೇಲಕ್ಕೆ ಎತ್ತಿ ತೋರಿಸಿದ. ನಾನು ಕೇಳಿರಲಿಲ್ಲ.

ಸೆಪ್ಟೆಂಬರ್ ೧೧, ಬುಧವಾರ

ಊಟದ ಹೊತ್ತಿಗೆ ಅಣ್ಣನ ಕೈಯಿಂದ ಚೊಂಬು ಜಾರಿತು. ನಾಟಕ.

ಸೆಪ್ಟೆಂಬರ್ ೧೪, ಶನಿವಾರ

ನಾಟಕವಲ್ಲವಂತೆ.

ಅವ್ವ ಅವನನ್ನು ಮೈಸೂರಿಗೆ ಕರೆದುಕೊಂಡು ಹೋಗಿದ್ದಳು. ನನಗೆ ಹೇಳಬೇಡ ಅಂತ ಅವನು ಆಣೆ ಹಾಕಿಸಿಕೊಂಡಿದ್ದನಂತೆ. ಅವ್ವ ಬಸ್ಸಿಳಿದು ಚಪ್ಪಲಿ ಬಿಡುವ ಮೊದಲೇ ಹೇಳಿಬಿಟ್ಟಳು. ಮೂಳೆ ಇನ್ನೂ ಕೂಡಿಲ್ಲ. ಇನ್ನೊಂದು ಸಲ ತಿರುಚಿದರೆ ಪ್ಲೇಟು ಕಿತ್ತು ನರ ಹರಿಯುತ್ತದೆ, ಆಮೇಲೆ ಆ ಕೈ ಇದ್ದೂ ಇಲ್ಲ.

"ನೇಗ್ಲು ಇಡ್ಯಂಗಿಲ್ಲ, ತುತ್ತು ಎತ್ತಂಗಿಲ್ಲ ಅಂದ್ರು ಕಣೆ ಡಾಕ್ಟ್ರು. ನೀನಾದ್ರೂ ಹೇಳು."

ನಾನು ಹೇಳಿದೆ. ಮರ್ಯಾದೆ ಬಿಟ್ಟು ಹೇಳಿದೆ. "ಹೋಗಬ್ಯಾಡ ಬುಡು. ಜ್ವರ ಅಂತ ಫೋನ್ ಮಾಡು."

ಅವನು ಟವೆಲ್ ಒದರಿ ಹೆಗಲಿಗೆ ಹಾಕಿಕೊಂಡ. "ಕೇಳ್ದೋನು ಇಂದಕ್ಕೋದ್ರೆ ಏನಂತಾರೆ ಗೊತ್ತಲ್ಲ? ಅಪ್ಪನ ಹೆಸ್ರು ಹಿಡಿದು ಅಂತಾರೆ. ಸಣ್ಣಬೀರಯ್ಯನ ಮಗ ನಿಂಬೇಹಣ್ಣು ಕಳ್ಸಿ ಹೊದ್ಕೊಂಡು ಮಲಗ್ದ ಅಂತಾರೆ."

"ಅನ್ಲಿ."

"ಈಗಂತೀಯಾ ಅನ್ಲಿ ಅಂತ?"

ಹಟಮಾರಿ. ಮೂರ್ಖ. ಇವನ ತಲೆಯೊಳಗೆ ಗರಡಿಯ ಕೆಮ್ಮಣ್ಣು ತುಂಬಿದೆ. ಮೊದಲು ಸಿನಿಮಾ ನೋಡಿ ಮೆತ್ತಗಾಗಿದ್ದನಲ್ಲ, ಹಾಗೇ ಇದ್ದಿದ್ದರೆ ಏನಾಗುತ್ತಿತ್ತು? ಯಾರು ಹೇಳಿದ್ದರು ಇವನಿಗೆ ಓಡು, ಬಾದಾಮಿ ಕುಡಿ ಅಂತ?

ಸೆಪ್ಟೆಂಬರ್ ೧೫, ಭಾನುವಾರ

ಕೇಳಿದವನು ಹಿಂದೆ ಸರಿದರೆ ಮಾನ ಹೋಗುವುದು ಅವನದು. ಗೆದ್ದವನು ಕೈ ಕೊಡದೆ ನಿಂತರೆ ಹೋಗುವುದು ಗೆದ್ದವನದು. ಇದನ್ನು ಬಿಟ್ಟು ಬೇರೆ ದಾರಿ ಇಲ್ಲ. ಮಧ್ಯಾಹ್ನವೆಲ್ಲ ಹುಡುಕಿದೆ.

ಶರತನ ಆ ಮುಖವನ್ನು ನೋಡಬೇಕಲ್ಲ ಅಂತ ಈಗಲೇ ಮೈ ಉರಿಯುತ್ತಿದೆ.

ಸೆಪ್ಟೆಂಬರ್ ೧೮, ಬುಧವಾರ

ಹೋಗಿ ಬಂದೆ. ಪಿರಿಯಾಪಟ್ಟಣದಲ್ಲಿ ಔಷಧಿ ತರುತ್ತೇನೆ ಅಂತ ಅವ್ವನಿಗೆ ಹೇಳಿ, ಬ್ಯಾರನ್ ಕಾಯಲು ಕುಳ್ಳಮ್ಮನನ್ನು ಕೂರಿಸಿದೆ. ಹುಣಸೂರಿನಲ್ಲಿ ಒಂದು ಬಸ್ಸು ಬದಲಾಯಿಸಿದೆ, ಎಚ್.ಡಿ. ಕೋಟೆಯಲ್ಲಿ ಇನ್ನೊಂದು. ಕಂಡಕ್ಟರನಿಗೆ "ಹಂಪಾಪುರ" ಅನ್ನಲು ಕೂಡ ನಾಲಿಗೆ ಏಳಲಿಲ್ಲ. ಅವನು "ಎಲ್ಲಿಗಮ್ಮಾ, ಬಾಯಿಬುಡು" ಅಂತ ಬಸ್ಸಿಗೆಲ್ಲ ಕೇಳುವಂತೆ ಕೂಗಿದ. ಟಿಕೆಟ್ ಹರಿಯುವವನಿಗೂ ಇಷ್ಟು ಗತ್ತು.

ಶರತನ ಮನೆ ಯಾರೂ ತೋರಿಸಬೇಕಾಗಲಿಲ್ಲ. ಜಗಲಿಯ ಮೇಲೆ ಗದೆ ನಿಲ್ಲಿಸಿದ್ದರು. ಗೆದ್ದಿದ್ದನ್ನು ಬೀದಿಗೆ ಇಡುವ ಜನ. ಅವನ ತಾಯಿ ಸಣ್ಣತಾಯಮ್ಮ ನನ್ನನ್ನು ಯಾರು ಅಂತ ಕೇಳುವ ಮೊದಲೇ ಮಜ್ಜಿಗೆ ತಂದು ಕೈಗಿಟ್ಟರು. ಬೇಡ ಅನ್ನಲು ಬಾಯಿ ಬರದೆ ಕುಡಿದುಬಿಟ್ಟೆ. ವೈರಿಯ ಮನೆಯ ಮಜ್ಜಿಗೆ. ಉಪ್ಪು ಕಮ್ಮಿಯಿತ್ತು.

ಅವನು ಹಿತ್ತಲಿನಲ್ಲಿ ಶುಂಠಿಗೆ ಔಷಧಿ ಹೊಡೆದು ಬಂದು ಪಂಪು ತೊಳೆಯುತ್ತಿದ್ದ. ನಾನು ಅಂದುಕೊಂಡಷ್ಟು ಎತ್ತರವಿಲ್ಲ. ಮೀಸೆಯೂ ಇಲ್ಲ. ಬನಿಯನ್ನಿನಲ್ಲಿ ತೂತು. ಇವನ ಮೇಲೆ ನಾಲ್ಕು ತಿಂಗಳು ಹಲ್ಲು ಕಡಿದೆನೇ?

"ಯಾರವ್ವ?"

"ಶಂಕ್ರನ ತಂಗಿ. ಹಾರನಹಳ್ಳಿ ಕಡೆ..." ಅಷ್ಟೇ ಬಂತು.

ಅವನು ಪಂಪು ಕೆಳಗಿಟ್ಟ. "ಕೈ ಎಂಗದೆ?"

ಆ ಮಾತಿಗೆ ನನ್ನ ಬಾಯಿ ತಾನಾಗಿಯೇ ಬಿಟ್ಟಿತು. "ಎಂಗಿರ್ತದೆ? ನೀವು ತಿರುಗ್ಸಿದ್ರಲ್ಲ, ಅಂಗೇ ಅದೆ."

ಅವನು ತಲೆ ತಗ್ಗಿಸಿದ. ನಾನು ಡಾಕ್ಟರು ಹೇಳಿದ್ದನ್ನು ಹೇಳಿದೆ. ಆಮೇಲೆ, "ಭಾನುವಾರ ನೀವು ಕೈ ಕೊಡಬ್ಯಾಡಿ" ಅಂದೆ.

"ಕೊಡ್ದಿದ್ರೆ ಏನಾಯ್ತದೆ ಗೊತ್ತಾ ನಿಂಗೆ?"

"ಗೊತ್ತು."

"ಇಡೀ ವರ್ಸ ಯಾವ ಗರಡೀಲೂ ನಂಗೆ ಜೋಡಿ ಕಟ್ಟಲ್ಲ. ಕುಸ್ತಿ ದಿನ ಮೈಕಲ್ಲಿ ಕೂಗ್ತಾರೆ, ಎದ್ರಿದ ಅಂತವ."

"ಗೊತ್ತು."

"ಅಂಗಾದ್ರೆ ನಿಮ್ಮಣ್ಣನೇ ಬಂದು ಕೇಳ್ಲಿ."

"ಅವ್ನು ಕೇಳಲ್ಲ. ಅವ್ನಿಗೆ ಗೊತ್ತಾಗ್ಲೂಬಾರ್ದು."

ನಕ್ಕ. "ಚೆನ್ನಾಗದೆ ಕಣವ್ವ. ನಾನು ಮಾನ ಕಳ್ಕೋಬೇಕು, ಯಾಕೆ ಅಂತ ಯಾರ್ಗೂ ಗೊತ್ತಾಗ್ಬಾರ್ದು. ನೀನು ಕೇಳೋಕೆ ಬಂದಿದ್ದಾ, ಹೊಡ್ಯೋಕೆ ಬಂದಿದ್ದಾ?"

ಎರಡಕ್ಕೂ ಅಂತ ಹೇಳಬೇಕು ಅನ್ನಿಸಿತು. ಬೇರೆ ಮಾತು ಬಂತು. "ಅವತ್ತು ಚಪ್ಪಾಳೆ ಕೇಳಿಸ್ಲಿಲ್ವಾ ನಿಮ್ಗೆ?"

ಅವನು ಪಂಪಿನ ಮೂತಿ ಬಿಚ್ಚಿ ಊದಿದ, ಮತ್ತೆ ಹಾಕಿದ. ಕೇಳಿಸಲಿಲ್ಲ, ಗಲಾಟೆ ಇತ್ತು ಅಂತಾನೆ, ಎಲ್ಲರೂ ಅನ್ನುವುದು ಅದನ್ನೇ ಅಂದುಕೊಂಡೆ.

"ಕೇಳಿಸ್ತು" ಅಂದ. "ಜನ ಕೂಗ್ತಿದ್ರು. ಇನ್ನೊಂಚೂರು ತಿರುಗ್ಸಾನ ಅನ್ನಿಸ್ತು. ತಿರುಗ್ಸಿದೆ."

ಅವನು ಪಂಪನ್ನು ಗೋಡೆಗೆ ಒರಗಿಸಿದ.

"ಬಂದು ನೋಡಾನ ಅಂತ ಪಿರಿಯಾಪಟ್ಟಣದ ಗಂಟ ಬಂದಿದ್ದೆ. ಬಸ್ ಸ್ಟ್ಯಾಂಡಲ್ಲಿ ಟೀ ಕುಡ್ದು ವಾಪಸ್ ಬಂದೆ. ಹೋಗವ್ವ, ಬಸ್ಸು ಹೋಯ್ತದೆ."

ಕೊಡುವುದಿಲ್ಲ ಅಂತಲೂ ಹೇಳಲಿಲ್ಲ, ಕೊಡುತ್ತೇನೆ ಅಂತಲೂ ಹೇಳಲಿಲ್ಲ. ಸಣ್ಣತಾಯಮ್ಮ ಬಾಗಿಲ ತನಕ ಬಂದು, ಹೊತ್ತಾಯ್ತು ಉಂಡು ಹೋಗು ಅಂದರು. ಇವರಿಗೆ ಯಾರು ಬಂದಿದ್ದಾರೆ, ಯಾಕೆ ಬಂದಿದ್ದಾರೆ ಅನ್ನುವುದು ಬೇಕಿಲ್ಲ.

ಅವನು ಮಾಡುವುದಿಲ್ಲ. ಟೀ ಕುಡಿದು ವಾಪಸ್ ಹೋದವನು ಇದನ್ನೇನು ಮಾಡುತ್ತಾನೆ?

ಸೆಪ್ಟೆಂಬರ್ ೨೨, ಭಾನುವಾರ

ಹುಣಸೂರು. ಗರಡಿಯ ಅಂಗಳಕ್ಕೆ ಹೆಂಗಸರು ಕಾಲಿಡುವಂತಿಲ್ಲ. ಅವ್ವ, ನಾನು ಗೇಟಿನ ಆಚೆ ಕಬ್ಬಿನ ಹಾಲಿನ ಗಾಡಿಯ ಪಕ್ಕ ನಿಂತೆವು. ಒಳಗೆ ತಮಟೆ. ಹೊಟ್ಟೆ ಬಂದ ಹಳೇ ಪೈಲ್ವಾನರೆಲ್ಲ ಪೇಟ ಸುತ್ತಿಕೊಂಡು ಕುರ್ಚಿ ತುಂಬಿದ್ದರು. ಹುಡುಗರು ಅಂಗಿ ಬಿಚ್ಚಿ ಸಾಲಾಗಿ ನಿಂತಿದ್ದರು. ಉಸ್ತಾದ್ ಸಿದ್ದಯ್ಯನವರು ಇಬ್ಬಿಬ್ಬರನ್ನು ಕರೆದು, ಎದೆ ತೋಳು ನೋಡಿ, ಕೈಗೆ ಕೈ ಸೇರಿಸಿ ಮೇಲಕ್ಕೆ ಎತ್ತುತ್ತಿದ್ದರು. ಸಂತೆಯಲ್ಲಿ ಎತ್ತು ನೋಡುವುದಕ್ಕೂ ಇದಕ್ಕೂ ವ್ಯತ್ಯಾಸ ಕಾಣಲಿಲ್ಲ.

ಅಣ್ಣನ ಹೆಸರು ಕೂಗಿದರು. ಅಣ್ಣ ತೊಡೆ ತಟ್ಟಿ ಹೋಗಿ ಬಲಗೈ ಚಾಚಿದ. ಆ ಕೈ ಎದೆಯ ಮಟ್ಟಕ್ಕೂ ಏರದಿದ್ದುದು ನನಗೆ ಗೇಟಿನಾಚೆಯಿಂದಲೂ ಕಂಡಿತು. ಅಥವಾ ನನಗೆ ಮಾತ್ರ ಕಂಡಿತು.

ಶರತ್ ಬಂದ. ಬಂದು ನಿಂತ. ಎರಡೂ ಕೈಯನ್ನು ಬೆನ್ನ ಹಿಂದೆ ಕಟ್ಟಿಕೊಂಡ.

"ಕೈ ಕೊಡೋ" ಅಂದರು ಉಸ್ತಾದ್.

ಅವನು ನೆಲ ನೋಡುತ್ತಿದ್ದ.

"ಕೊಡ್ಲಾ ಕೈಯ! ಏನಾಗದೆ ನಿಂಗೆ?"

"ಆಗಲ್ಲ ಉಸ್ತಾದ್ರೆ."

ತಮಟೆ ನಿಂತಿತು. ಆಮೇಲೆ ಶುರುವಾಯಿತು ಸಿಳ್ಳೆ. "ಸೀರೆ ಕೊಡ್ರಲಾ ಅವ್ನಿಗೆ!" ಅಂತ ಒಬ್ಬ, "ಬಳೆ ನಾನ್ ತತ್ತೀನಿ" ಅಂತ ಇನ್ನೊಬ್ಬ. ಕುರ್ಚಿಯಲ್ಲಿದ್ದವರೂ ಹೊಟ್ಟೆ ಕುಣಿಸಿ ನಕ್ಕರು. ಅವನು ಅಂಗಿ ಹಾಕಿಕೊಂಡು, ಗುಂಡಿ ಹಾಕದೆ, ಗೇಟು ದಾಟಿ ನನ್ನ ಪಕ್ಕದಲ್ಲೇ ಹೋದ. ನನ್ನ ಕಡೆ ನೋಡಲಿಲ್ಲ. ಒಂದು ಕಬ್ಬಿನ ಸಿಪ್ಪೆ ಬಂದು ಅವನ ಬೆನ್ನಿಗೆ ಬಿತ್ತು. ಅದನ್ನೂ ಒರೆಸಿಕೊಳ್ಳಲಿಲ್ಲ.

ಅವ್ವ ಕೈ ಮುಗಿದು, "ಬೀರಪ್ಪ ದೊಡ್ಡೋನು" ಅಂದಳು. ಬೀರಪ್ಪ ದೇವರಿಗೆ ಇದರಲ್ಲಿ ಏನು ಕೆಲಸ?

ಸೆಪ್ಟೆಂಬರ್ ೨೬, ಗುರುವಾರ

ಅಣ್ಣನನ್ನು ಸಹಿಸುವುದು ಕಷ್ಟವಾಗಿದೆ. ಕುಸ್ತಿ ದಿನ ಅವನನ್ನು ವೇದಿಕೆಗೆ ಕರೆದು ಪೇಟ ಸುತ್ತುತ್ತಾರಂತೆ. ಕೈ ಮುರಿದರೂ ಎದೆಗುಂದದೆ ಜೋಡಿ ಕೇಳಿದವನು, ಕಂಡೊಡನೆ ಎದುರಾಳಿ ಬೆವತುಹೋದ, ಹೀಗೆ. ಹಾರನಹಳ್ಳಿಯ ಹೋಟೆಲಿನಲ್ಲಿ ಅವನ ಹತ್ತಿರ ಕಾಫಿ ದುಡ್ಡು ತೆಗೆದುಕೊಳ್ಳುವುದಿಲ್ಲವಂತೆ. ಸಿನಿಮಾ ಬೇಡವಾಗಿದೆ ಅವನಿಗೆ. ತಾನೇ ಸಿನಿಮಾ ಆಗಿದ್ದಾನೆ.

ಐದನೇ ಭಾಗವನ್ನು ನಾನೊಬ್ಬಳೇ ನೋಡಿದೆ. ಜುಟ್ಟಿನವನಿಗೆ ವಯಸ್ಸಾಗಿದೆ. ಊರ ಚೌಕದಲ್ಲಿ ಮೊದಲ ಭಾಗದ ಹೊಡೆದಾಟಕ್ಕೆ ಅವನ ಪ್ರತಿಮೆ ನಿಲ್ಲಿಸುತ್ತಿರುತ್ತಾರೆ. ಅವನು ಅಲ್ಲಿಗೆ ಹೋಗಿ, ಅವತ್ತು ಕಾಲು ಹಿಡಿದು ಬೇಡಿಕೊಂಡವನನ್ನೂ ನಾನು ಬಿಡಲಿಲ್ಲ ಅಂತ ಎಲ್ಲರಿಗೂ ಹೇಳುತ್ತಾನೆ. ಜನ ಉಗಿಯುತ್ತಾರೆ. ಅವನು ಬಂದರಿಗೆ ಹೋಗಿ ಉಪ್ಪಿನ ಮೂಟೆ ಎತ್ತಿ ಹೆಗಲಿಗಿಟ್ಟುಕೊಳ್ಳುತ್ತಾನೆ. ಮುಗಿಯಿತು. ಹೊಡೆದಾಟ ಒಂದೂ ಇಲ್ಲ.

ಕೆಟ್ಟ ಸಿನಿಮಾ. ಇಷ್ಟಕ್ಕೆ ಐದು ಭಾಗ ಬೇಕಾಯಿತು. ಆದರೂ ಇಷ್ಟು ನಿಧಾನಕ್ಕೆ ತೆಗೆದಿರುವುದರಿಂದ ತೆಲುಗು ಒಂಚೂರು ಅರ್ಥವಾಗುತ್ತದೆ.

ಸೆಪ್ಟೆಂಬರ್ ೩೦, ಸೋಮವಾರ

ಈ ವರ್ಷದ ಕೊನೆಯ ಸೊಪ್ಪು ಕಟ್ಟುತ್ತಿದ್ದೆವು. ಕುಳ್ಳಮ್ಮನ ಗುಂಪು ಪೂರ್ತಿ ಬಂದಿತ್ತು. ಪುಟ್ಟಮಾದಮ್ಮ, "ಅದೆಂಗೆ ನಿಂತಿದ್ನಪ್ಪ ಶಂಕ್ರಪ್ಪ ಆ ಹಂಪಾಪುರದೋನು, ತೋರ್ಸು ತೋರ್ಸು" ಅಂದಳು. ಅಣ್ಣ ಮಂಚದಿಂದ ಎದ್ದು ಬಂದ. ಕೈ ಹಿಂದೆ ಕಟ್ಟಿದ, ಕತ್ತು ಬಗ್ಗಿಸಿದ, ಮೊಣಕಾಲು ಕುಟ್ಟಿಸಿದ. "ಆಗಲ್ಲ ಉಸ್ತಾದ್ರೆ" ಅಂತ ಮೂಗಿನಲ್ಲಿ ಅಂದ. ಶರತ್ ಮೂಗಿನಲ್ಲಿ ಅಂದಿರಲಿಲ್ಲ. ಮೊಣಕಾಲೂ ಕುಟ್ಟಿರಲಿಲ್ಲ.

ಹೆಂಗಸರು ಬಿದ್ದು ಬಿದ್ದು ನಕ್ಕರು. "ಉಚ್ಚೆ ಉಯ್ಕೊಂಡ್ನಾ?" ಅಂದಳು ಕುಳ್ಳಮ್ಮ.

"ಅವ್ನು ಎದ್ರಿದ್ದಲ್ಲ" ಅಂದೆ.

ಅಷ್ಟು ಜನರ ಮುಂದೆ ನನ್ನ ಧ್ವನಿ ನನಗೇ ಬೇರೆಯವರದು ಅನ್ನಿಸಿತು. "ನಾನೋಗಿ ಕೇಳ್ಕಂಡೆ. ಹಂಪಾಪುರಕ್ಕೋಗಿ, ಅವ್ರ ಮನೆಗೇ ಹೋಗಿ. ಕೈ ಕೊಡಬ್ಯಾಡಿ ಅಂತ."

ನಗುವ ಹಲ್ಲುಗಳೆಲ್ಲ ಹಾಗೇ ತೆರೆದುಕೊಂಡಿದ್ದವು. ಅವ್ವ ಓಡಿಬಂದು ನನ್ನ ಬೆನ್ನಿಗೆ ಎರಡು ಬಿಟ್ಟಳು. "ಮನೆ ಮುಳುಗಿಸ್ದಲ್ಲೇ! ಯಾರ್ನ ಕೇಳ್ಕಂಡು ಹೋದೆ?" ಅಣ್ಣನ ಕೈ ಇನ್ನೂ ಬೆನ್ನ ಹಿಂದೆಯೇ ಇತ್ತು. ಬಿಚ್ಚುವುದನ್ನು ಮರೆತಿದ್ದ. ಆಮೇಲೆ ಅಂಗಿ ಹಾಕಿಕೊಂಡು ತೋಟದ ಕಡೆ ಹೋದ. ಹೆಂಗಸರು ಕಟ್ಟಿದ್ದಷ್ಟು ಕಟ್ಟಿ, ಬೇಗ ಬೇಗ ಹೊರಟರು. ಊರಿಗೆಲ್ಲ ಹೇಳಬೇಕಲ್ಲ.

ಹೊತ್ತು ಇಳಿಯುವಾಗ ಅಣ್ಣ ಬಂದು ಸೌದೆಯ ಮೇಲೆ ಕೂತ.

"ಏನಂದ ಅವ್ನು?"

"ಚಪ್ಪಾಳೆ ಕೇಳಿಸ್ತು ಅಂದ. ಕೇಳಿಸ್ದ ಮೇಲೂ ತಿರುಗ್ಸಿದೆ ಅಂದ."

ಕೈ ಎತ್ತುತ್ತಾನೆ ಅಂದುಕೊಂಡೆ. ಎತ್ತಲಿ, ನಾನೂ ಸುಮ್ಮನಿರುವವಳಲ್ಲ. ಅವನು ಬಲಗೈಯ ಹೊಲಿಗೆ ಗುರುತನ್ನು ಎಡಗೈಯಲ್ಲಿ ಉಜ್ಜಿಕೊಂಡ.

"ನಾನಾಗಿದ್ರೂ ಇಡ್ತ ಬುಡ್ತಿರ್ಲಿಲ್ಲ ಕಣೆ" ಅಂದ.

ಅಷ್ಟೇ. ಪೇಟದ ವಿಷಯ ಎತ್ತಲಿಲ್ಲ. ಶರತನ ವಿಷಯವನ್ನೂ ಎತ್ತಲಿಲ್ಲ. ಅವನಿಗೆ ಅಷ್ಟಕ್ಕಿಂತ ಮುಂದೆ ಬರುವುದಿಲ್ಲ. ಮಂಚದ ಮೇಲಿದ್ದ ಅವನ ಫೋನು ತೆಗೆದುಕೊಂಡು ಉಸ್ತಾದರ ಹೆಸರು ಒತ್ತಿದೆ. ಅವನು ನೋಡುತ್ತಿದ್ದ, ಕಿತ್ತುಕೊಳ್ಳಲಿಲ್ಲ.

"ಏನ್ಲಾ ಶಂಕ್ರ?" ಅಂದರು.

"ಶಂಕ್ರ ಅಲ್ಲ" ಅಂತ ಶುರು ಮಾಡಿ, ಎಲ್ಲವನ್ನೂ ಹೇಳಿದೆ. ನಿಂಬೆಹಣ್ಣು ಕಳಿಸಿದ್ದೂ ನಾನೇ ಅಂತ ಹೇಳಿದೆ. ಮೈಕಿನಲ್ಲಿ ಶರತ್ ಹೆದರಿದ ಅಂತ ಕೂಗಬೇಡಿ, ನಡೆದದ್ದನ್ನು ಹೇಳಿ ಅಂದೆ.

ಅವರು ಕೆಮ್ಮಿದರು. "ಏನಂತ ಹೇಳಾನವ್ವ? ಎಣ್ಮಗಳು ಹೋಗಿ ಕಾಲಿಡ್ಕಂಡ್ಳು, ಅದ್ಕೆ ಬುಟ್ಟ ಅಂತಾನಾ?"

"ಕಾಲಿಡೀಲಿಲ್ಲ" ಅಂದೆ. "ಬಾಯಲ್ಲಿ ಕೇಳ್ದೆ."

"ನಾಕು ತಾಲೂಕಿನ ಜನ ಸೇರಿರ್ತಾರೆ. ನಾಳೆ ನಿನ್ನ ನೋಡೋಕೆ ಗಂಡು ಬಂದ್ರೂ ಇದ್ನೇ ಕೇಳ್ತಾರೆ. ಯೋಚ್ನೆ ಮಾಡು."

ಗಂಡು ನೋಡಲು ಬರುವವರನ್ನು ನಾನೂ ನೋಡಿದ್ದೇನೆ. "ಹೇಳಿ" ಅಂದೆ.

"ಯಾರು ಅಂತ ಹೇಳ್ಲಿ? ಶಂಕ್ರನ ಮನೆಯೋರು ಅಂದ್ರೆ ಸಾಕಾ?"

ಅಡುಗೆಮನೆಯಿಂದ ಅವ್ವ, "ಇಡೇ ಫೋನ, ಇಡೇ" ಅಂತ ಕೂಗುತ್ತಿದ್ದಳು. ಅಣ್ಣ ನೆಲ ನೋಡುತ್ತಿದ್ದ.

"ಸಾಕಾಗಲ್ಲ" ಅಂದೆ. "ಸಣ್ಣಬೀರಯ್ಯನ ಮಗಳು ಪ್ರಮೀಳಾ ಅಂತ ಹೇಳಿ."